ವ್ಯವಹಾರದಲ್ಲಿ ನಿರ್ಧಾರ

ಮನುಷ್ಯರು ಮಾಡುವ ಕೆಲಸಗಳಲ್ಲಿ ಕೈಯಿಂದ ಮಾಡತಕ್ಕವು ಕೆಲವು, ಬುದ್ಧಿಯಿಂದ ಮಾಡತಕ್ಕವು ಕೆಲವು. ಅಡಿಗೆ, ಹೊಲಿಗೆ, ಜಮಾಖರ್ಚು ಬರೆಯುವುದು ಮೊದಲಾದವನ್ನು ಹೇಳಿಕೊಡಲು ಗುರುಗಳು ದೊರೆಯುತ್ತಾರೆ. ಆದರೆ ಎರಡು ದಾರಿಗಳು ಎದುರಿಗೆ ಬಂದಾಗ ಯಾವುದನ್ನು ಹಿಡಿಯಬೇಕು, ಯಾವ ದಿನ ಹಿಡಿಯಬೇಕು, ಹಿಡಿದ ಮೇಲೆ ಬಂದ ಫಲವನ್ನು ಹೇಗೆ ತಾಳಿಕೊಳ್ಳಬೇಕು ಎಂಬುದನ್ನು ಕಲಿಸುವವರು ಅಪರೂಪ. ಅದನ್ನು ಅನುಭವವೇ ಕಲಿಸುವುದೆಂದು ಹಿರಿಯರು ಹೇಳಿ ಸುಮ್ಮನಾಗುವುದುಂಟು. ಅನುಭವವು ಕಲಿಸುವುದೇನೋ ನಿಜ. ಆದರೆ ಅದು ಕೇಳುವ ಗುರುದಕ್ಷಿಣೆ ಬಹಳ ದೊಡ್ಡದು. ಮನೆಯೊಂದರ ಹತ್ತು ವರ್ಷದ ಗಳಿಕೆಯು ಒಂದು ಸಂಜೆಯ ಅವಸರದ ಮಾತಿನಿಂದ ಹೋದುದನ್ನು ನಾವೆಲ್ಲರೂ ನಮ್ಮ ನಮ್ಮ ಊರುಗಳಲ್ಲಿ ಕಂಡೇ ಇದ್ದೇವೆ.

ಹಳೆಯ ವಿದ್ಯಾರ್ಥಿನಿಯರಲ್ಲಿ ವ್ಯಾಪಾರೋದ್ಯೋಗದಲ್ಲಿರುವವರು ಯಾರಾದರೂ ಈ ಸಂಚಿಕೆಗೆ ನಾಲ್ಕು ಮಾತು ಬರೆಯಬೇಕೆಂದು ಸಂಪಾದಕವರ್ಗದವರು ಅಪೇಕ್ಷಿಸಿದ್ದಾರೆ. ನಾನು ದೊಡ್ಡ ಕಾರಖಾನೆಯ ಒಡತಿಯಲ್ಲ. ಸಿರುಗುಪ್ಪದಲ್ಲಿ ನಮ್ಮ ಮನೆತನದ್ದೊಂದು ಅಕ್ಕಿಯ ಗಿರಣಿಯುಂಟು. ಕೆಲವು ವರ್ಷಗಳಿಂದ ಅದರ ಲೆಕ್ಕಪತ್ರವೂ ಕೊಡುಕೊಳ್ಳುವ ವ್ಯವಹಾರವೂ ನನ್ನ ಪಾಲಿಗೆ ಬಂದಿವೆ. ನನ್ನ ತವರು ಕುರುಗೋಡು. ಓದಿದುದು ಬಳ್ಳಾರಿಯಲ್ಲಿ, ಈ ಶಾಲೆಯಲ್ಲಿಯೇ. ಆದುದರಿಂದ ಈ ಮೂರು ಊರುಗಳಲ್ಲಿ ಕಂಡುದನ್ನಷ್ಟೇ ಇಲ್ಲಿ ಹೇಳುವೆನು.

ನನ್ನ ಓರಗೆಯ ಸೋದರಿಯರಿಗೆ ನಮ್ಮ ರೇಖಾಗಣಿತದ ತರಗತಿಯು ನೆನಪಿರಬಹುದು. ಪ್ರತಿಯೊಂದು ಪ್ರಮೇಯವನ್ನೂ ದತ್ತ, ಸಾಧನೀಯ, ರಚನೆ, ಸಾಧನೆ ಎಂಬ ನಾಲ್ಕು ತಲೆಬರಹಗಳ ಕೆಳಗೆ ಬರೆದ ಹೊರತು ನಮ್ಮ ಉಪಾಧ್ಯಾಯಿನಿಯವರು ಅದನ್ನು ನೋಡುತ್ತಲೂ ಇರಲಿಲ್ಲ. ನೆರೆಯವಳ ಪುಸ್ತಕದಿಂದ ಉತ್ತರವನ್ನಷ್ಟೇ ಎತ್ತಿ ಬರೆದವಳಿಗೆ ಸೊನ್ನೆ. ಕಡೆಯ ಸಾಲಿನಲ್ಲಿ ಎಡವಿದರೂ ಕ್ರಮವನ್ನು ಸರಿಯಾಗಿ ನಡೆಸಿದವಳಿಗೆ ಮುಕ್ಕಾಲು ಅಂಕ. ಇದು ಅನ್ಯಾಯವೆಂದು ಆಗ ನಮ್ಮಲ್ಲಿ ಕೆಲವರಿಗೆ ತೋರಿದ್ದುಂಟು. ಗಿರಣಿಯ ಲೆಕ್ಕವನ್ನು ಹಿಡಿದ ಮೇಲೆ ಅದರ ನ್ಯಾಯವು ನನಗೆ ಗೊತ್ತಾಯಿತು. ವ್ಯವಹಾರದ ಯಾವ ತೊಡಕನ್ನಾದರೂ ಬಿಡಿಸುವುದಕ್ಕೆ ಆ ನಾಲ್ಕು ತಲೆಬರಹಗಳು ಸಾಕು.

ಮೊದಲನೆಯದು ದತ್ತ, ಎಂದರೆ ನಮಗೆ ನಿಜವಾಗಿ ಗೊತ್ತಿರುವುದು. ಇದು ಸುಲಭವೆಂದು ತೋರುತ್ತದೆ, ಆದರೆ ಹೆಚ್ಚು ಮಂದಿ ಜಾರುವುದು ಇಲ್ಲಿಯೇ. ಬಳ್ಳಾರಿಯು ಜೀನ್ಸ್ ಷರಾಯಿಗಳಿಗೆ ಹೆಸರಾದ ಊರೆಂಬುದನ್ನು ಹೊಸದಾಗಿ ಹೇಳಬೇಕಾಗಿಲ್ಲ. ಕೌಲ್ ಬಜಾರಿನ ಕಡೆಗೆ ಹೋದರೆ, ಒಂದು ಮನೆಯಲ್ಲಿ ಬಟ್ಟೆಯನ್ನು ಕತ್ತರಿಸುವರು, ಇನ್ನೊಂದರಲ್ಲಿ ಹೊಲಿಯುವರು, ಮತ್ತೊಂದರಲ್ಲಿ ಕಾಜಾ ತೆಗೆದು ಗುಂಡಿ ಹಾಕುವರು. ಅಲ್ಲಿ ಸಣ್ಣ ಹೊಲಿಗೆಯ ಘಟಕವೊಂದನ್ನು ನಡೆಸುವ ನನ್ನ ಸಹಪಾಠಿನಿಯೊಬ್ಬಳಿಗೆ ಮಾಲನ್ನು ಹೇಳಿದ ದಿನಕ್ಕೆ ಒಪ್ಪಿಸಲಾಗದೆ ಬಹಳ ಕಷ್ಟವಾಯಿತು. ಹೊಲಿಯುವವರು ಸಾಲದೆಂದು ಎಲ್ಲರೂ ಹೇಳಿದರು. ಅವಳು ಸಾಲ ತೆಗೆದು ಇನ್ನೆರಡು ಯಂತ್ರಗಳನ್ನು ಕೊಳ್ಳುವುದರಲ್ಲಿದ್ದಳು. ಆದರೆ ಹಣವನ್ನು ಕಟ್ಟುವ ಮೊದಲು ಒಂದು ವಾರ ತಡೆದು, ಷರಾಯಿಗಳ ಪ್ರತಿಯೊಂದು ಕಟ್ಟಿಗೂ ಒಂದು ಚೀಟಿಯನ್ನು ಪೋಣಿಸಿ, ಅದು ಯಾರ ಕೈಗೆ ಯಾವ ಹೊತ್ತಿಗೆ ಬಂತು, ಯಾವ ಹೊತ್ತಿಗೆ ಬಿಟ್ಟಿತು ಎಂದು ಬರೆಯಿಸಿದಳು.

ವಾರದ ಕೊನೆಯಲ್ಲಿ ಚೀಟಿಗಳು ಹೇಳಿದ ಕಥೆಯೇ ಬೇರೆ. ಕಟ್ಟುಗಳು ಹೊಲಿಗೆಯವರ ಬಳಿ ಒಂದು ದಿನವೂ ನಿಲ್ಲುತ್ತಿರಲಿಲ್ಲ; ಕಾಜಾ ಯಂತ್ರದ ಮುಂದೆ ಎರಡೆರಡು ದಿನ ಬಿದ್ದಿರುತ್ತಿದ್ದವು. ಆ ಯಂತ್ರ ಇದ್ದುದು ಒಂದೇ. ಅದನ್ನು ನಡೆಸುವವರೇ ದಾರ, ಗುಂಡಿ ಮುಂತಾದ ಸಾಮಾನು ತರುವುದಕ್ಕೆ ದಿನಕ್ಕೆ ಮೂರು ನಾಲ್ಕು ಸಲ ಎದ್ದು ಹೋಗುತ್ತಿದ್ದರು. ಸಾಮಾನು ತರುವ ಕೆಲಸವನ್ನು ಬೇರೊಬ್ಬರಿಗೆ ಒಪ್ಪಿಸಿದ ಮೇಲೆ ಸಾಲವೂ ಬೇಕಾಗಲಿಲ್ಲ, ಹೊಸ ಯಂತ್ರಗಳೂ ಬೇಕಾಗಲಿಲ್ಲ. ‘ಹೊಲಿಯುವವರು ಸಾಲದು’ ಎಂಬುದು ದತ್ತವಾಗಿರಲಿಲ್ಲ, ಹತ್ತು ಮಂದಿಯ ಊಹೆಯಾಗಿತ್ತು. ಹತ್ತು ಮಂದಿ ಹೇಳಿದ ಮಾತ್ರಕ್ಕೆ ಊಹೆಯು ದತ್ತವಾಗದು.

ಎರಡನೆಯದು ಸಾಧನೀಯ, ಎಂದರೆ ನಾವು ಪಡೆಯಬೇಕೆಂದಿರುವುದು ಏನೆಂಬುದು. ಇದನ್ನು ನಾನು ಕುರುಗೋಡಿನಲ್ಲಿ ನನ್ನ ತಾಯಿಯವರಿಂದ ಕಲಿತೆನು. ನಮ್ಮ ಮನೆಯಲ್ಲಿ ಮೆಣಸಿನಕಾಯಿಯನ್ನು ಬೆಳೆಯುತ್ತಿದ್ದರು. ಕಣದಲ್ಲಿ ಹರವಿದ ಕಾಯಿ ಕೆಂಪಗೆ ಒಣಗಿ ಚೀಲ ತುಂಬುವ ಹೊತ್ತಿಗೆ, ದೊಡ್ಡ ಬಸವೇಶ್ವರನ ತೇರಿನ ಸಡಗರದ ನಡುವೆಯೂ, ಮನೆಮನೆಯಲ್ಲಿ ಒಂದೇ ಚರ್ಚೆ: ಈಗಲೇ ಬ್ಯಾಡಗಿಯ ಪೇಟೆಗೆ ಕಳುಹಿಸುವುದೋ, ಬೆಲೆ ಏರುವವರೆಗೆ ಶೀತಲಗೃಹದಲ್ಲಿ ಇಡುವುದೋ? ಬೆಲೆಯು ಏರಿದಾಗ ಇನ್ನೂ ಏರಲಿ ಎಂದು ಕಾದು, ಇಳಿದಾಗ ಮತ್ತೆ ಏರಲಿ ಎಂದು ಕಾದು, ಕಡೆಗೆ ಇಟ್ಟ ಬಾಡಿಗೆಯೂ ಹುಟ್ಟದೆ ಮಾರಿದವರು ಎಷ್ಟೋ ಮಂದಿ.

ನಮ್ಮ ತಾಯಿಯವರು ಚೀಲಗಳು ಕಣದಲ್ಲಿರುವಾಗಲೇ ಮನೆಯವರನ್ನು ಕೂರಿಸಿಕೊಂಡು ಆ ವರ್ಷದ ಅಗತ್ಯಗಳನ್ನು ಎಣಿಸುತ್ತಿದ್ದರು: ಬೀಜ ಗೊಬ್ಬರದ ಬಾಕಿ ಇಷ್ಟು, ಮಕ್ಕಳ ಶಾಲೆಯ ಶುಲ್ಕ ಇಷ್ಟು, ಮುಂದಿನ ಬೆಳೆಯ ಖರ್ಚು ಇಷ್ಟು. ಅದಕ್ಕೆ ಸಾಲುವ ಬೆಲೆ ಯಾವುದೆಂದು ಗೊತ್ತುಮಾಡಿ, “ಈ ಬೆಲೆ ಬಂದ ದಿನ ಮುಕ್ಕಾಲು ಪಾಲು ಮಾರಿಬಿಡೋಣ, ಮರುದಿನ ಪೇಟೆ ಆಕಾಶಕ್ಕೆ ಹೋದರೂ ಯಾರೂ ಯಾರನ್ನೂ ಅನ್ನಬಾರದು” ಎಂದು ಎಲ್ಲರಿಂದಲೂ ಒಪ್ಪಿಗೆ ಪಡೆಯುತ್ತಿದ್ದರು. ಉಳಿದ ಕಾಲು ಪಾಲು ಮಾತ್ರ ಅದೃಷ್ಟಕ್ಕೆ ಬಿಟ್ಟದ್ದು.

ಬಹಳ ಕಾಲದ ಮೇಲೆ ಅಮೆರಿಕದ ಹರ್ಬರ್ಟ್ ಸೈಮನ್ ಎಂಬ ವಿದ್ವಾಂಸರ ವಿಚಾರವನ್ನು ಓದಿದೆನು. ವ್ಯವಹಾರಸಂಸ್ಥೆಗಳಲ್ಲಿ ಜನರು ಹೇಗೆ ನಿರ್ಧರಿಸುತ್ತಾರೆಂಬ ಸಂಶೋಧನೆಗಾಗಿ ಅವರಿಗೆ ೧೯೭೮ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಪಾರಿತೋಷಕವು ದೊರೆಯಿತು. ಎಲ್ಲಕ್ಕಿಂತ ಉತ್ತಮವಾದುದನ್ನು ಹುಡುಕುವಷ್ಟು ತಿಳಿವಳಿಕೆಯಾಗಲಿ ಕಾಲವಾಗಲಿ ಮನುಷ್ಯನಿಗಿಲ್ಲ. ಆದುದರಿಂದ ತನಗೆ ಸಾಕೆನಿಸುವ ಮಟ್ಟವನ್ನು ಗೊತ್ತುಮಾಡಿಕೊಂಡು ಅದು ಸಿಕ್ಕಿದೊಡನೆ ಅವನು ಹುಡುಕಾಟವನ್ನು ನಿಲ್ಲಿಸುತ್ತಾನೆ ಎಂಬುದು ಅವರ ಮತದ ಸಾರ. ಕುರುಗೋಡಿನ ಕಣದಲ್ಲಿ ಕುಳಿತ ನನ್ನ ತಾಯಿಯವರು ಸೈಮನ್ನರ ಹೆಸರನ್ನೂ ಕೇಳಿದವರಲ್ಲ. ಬೇಕಾದುದು ಏನೆಂದು ಮೊದಲೇ ಹೇಳಿಕೊಳ್ಳದವನಿಗೆ ಎಷ್ಟು ಬಂದರೂ ಸಾಲದೆಂಬುದನ್ನು ಮಾತ್ರ ಅವರು ಚೆನ್ನಾಗಿ ಬಲ್ಲರು.

ಮೂರನೆಯದು ರಚನೆ. ಕೊಟ್ಟ ಆಕೃತಿಯಿಂದಲೇ ಸಾಧನೆಯಾಗದಿದ್ದಾಗ ನಾವು ಹೊಸದೊಂದು ಗೆರೆಯನ್ನು ಎಳೆಯುತ್ತಿದ್ದೆವಷ್ಟೆ; ಅದನ್ನು ಚುಕ್ಕೆಗೆರೆಯಾಗಿಯೇ ಎಳೆಯಬೇಕೆಂದು ಕಟ್ಟಪ್ಪಣೆಯಿತ್ತು. ವ್ಯವಹಾರದಲ್ಲಿಯೂ ಅಳಿಸಿ ಬರೆಯಬಹುದಾದ ಗೆರೆ ಬೇರೆ, ಶಾಯಿಯಿಂದ ಎಳೆದ ಗೆರೆ ಬೇರೆ.

ಇದಕ್ಕೆ ನಮ್ಮ ಸೀಮೆಯ ಚರಿತ್ರೆಯೇ ನಿದರ್ಶನ. ೧೮೭೬-೭೮ರ ಘೋರ ಕ್ಷಾಮವು ಬಳ್ಳಾರಿ ಸೀಮೆಯನ್ನು ಹಾಳುಮಾಡಿದ ಮೇಲೆ ತುಂಗಭದ್ರೆಯ ನೀರನ್ನು ಈ ಒಣನೆಲಕ್ಕೆ ತರಬೇಕೆಂಬ ಮಾತು ಬಲವಾಯಿತು. ಆದರೆ ಇಲ್ಲಿನದು ಬಹುಪಾಲು ಎರೆಭೂಮಿ. ಎರೆಮಣ್ಣು ಕುಡಿದ ನೀರನ್ನು ಬೇಗ ಬಿಡದು. ನೀರು ನಿಂತು ಚೌಳು ಮೇಲಕ್ಕೆ ಬಂದರೆ ಹೊಲವೇ ಕೆಡುವುದು. ನೂರಾರು ಮೈಲಿಯ ಕಾಲುವೆಯನ್ನು ತೋಡಿದ ಮೇಲೆ ಇದು ಗೊತ್ತಾದರೆ ಪ್ರಯೋಜನವೇನು? ಆದುದರಿಂದ ಮದ್ರಾಸ್ ಸರ್ಕಾರವು ೧೯೩೭ರಲ್ಲಿಯೇ ಸಿರುಗುಪ್ಪದಲ್ಲಿ ಕೃಷಿ ಸಂಶೋಧನಾ ಕೇಂದ್ರವೊಂದನ್ನು ಸ್ಥಾಪಿಸಿ, ಎರೆಭೂಮಿಗೆ ನೀರು ಹಾಯಿಸುವ ಬಗೆಯನ್ನು ಸಣ್ಣ ಹೊಲಗಳಲ್ಲಿ ಪರೀಕ್ಷಿಸಲು ಏರ್ಪಡಿಸಿತು. ಅಣೆಕಟ್ಟಿಗೆ ಅಸ್ತಿವಾರವು ಬಿದ್ದುದು ೧೯೪೫ರಲ್ಲಿ, ಕಾಲುವೆಗೆ ನೀರು ಬಂದುದು ೧೯೫೩ರಲ್ಲಿ. ದೊಡ್ಡ ಗೆರೆಗೆ ಮುಂಚೆ ಚುಕ್ಕೆಗೆರೆಯನ್ನು ಎಳೆಯುವುದೆಂದರೆ ಇದೇ.

ಆ ಅಣೆಕಟ್ಟೇ ೨೦೨೪ರಲ್ಲಿ ನಮ್ಮೆಲ್ಲರನ್ನೂ ಪರೀಕ್ಷೆಗೆ ಒಡ್ಡಿತು. ಆಗಸ್ಟ್ ೧೦ರ ರಾತ್ರಿ, ಜಲಾಶಯವು ತುಂಬಿ ನಿಂತಿದ್ದಾಗ, ೩೩ ಗೇಟುಗಳಲ್ಲಿ ೧೯ನೆಯದರ ಸರಪಳಿ ತುಂಡಾಗಿ ಗೇಟು ಕೊಚ್ಚಿಹೋಯಿತು. ಒತ್ತಡವನ್ನು ತಗ್ಗಿಸಲು ಮಿಕ್ಕ ಗೇಟುಗಳನ್ನೂ ತೆರೆಯಬೇಕಾಯಿತು. ಸುಮಾರು ೧೦೫ ಟಿ.ಎಂ.ಸಿ. ಹಿಡಿಯುವ ಜಲಾಶಯ ಅದು, ಒಂದು ಟಿ.ಎಂ.ಸಿ. ಎಂದರೆ ನೂರು ಕೋಟಿ ಘನ ಅಡಿ ನೀರು. ಆ ನೀರು ಹಗಲಿರುಳೂ ನಮ್ಮ ಊರ ಪಕ್ಕದ ಹೊಳೆಯಲ್ಲಿ ಹರಿದು ಹೋಗುತ್ತಿದ್ದುದನ್ನು ನೋಡುತ್ತ ದಡದಲ್ಲಿ ನಿಂತ ರೈತರ ಮುಖವನ್ನು ನಾನು ಮರೆಯಲಾರೆನು. ಆಗ ಭತ್ತದ ನಾಟಿಯು ಕೆಲವು ಗದ್ದೆಗಳಲ್ಲಿ ಮುಗಿದಿತ್ತು, ಕೆಲವು ಗದ್ದೆಗಳಲ್ಲಿ ಇನ್ನೂ ನಡೆದಿತ್ತು.

ಮರುದಿನ ಸಂಜೆ ನಮ್ಮ ಮನೆಯ ಪಡಸಾಲೆಯಲ್ಲಿ ಎಲ್ಲರೂ ಸೇರಿದೆವು. ಆ ವಾರದಲ್ಲಿಯೇ ಮೂರು ಸಂಗತಿಗಳು ನಿರ್ಣಯವಾಗಬೇಕಾಗಿದ್ದವು. ಮೊದಲನೆಯದು, ಗೋದಾಮಿನಲ್ಲಿದ್ದ ಹಳೆಯ ಭತ್ತ. ಎರಡನೆಯದು, ಕರಿಕಾಳನ್ನು ಬೇರ್ಪಡಿಸುವ, ಗಿರಣಿಯವರು ಸಾರ್ಟೆಕ್ಸ್ ಎನ್ನುವ ಹೊಸ ಯಂತ್ರ; ಅದಕ್ಕೆ ದೊಡ್ಡ ಮುಂಗಡವನ್ನು ಕಟ್ಟುವ ದಿನವು ಹತ್ತಿರ ಬಂದಿತ್ತು. ಮೂರನೆಯದು, ನಮ್ಮ ಗಿರಣಿಗೆ ಭತ್ತ ಕೊಡುವ ರೈತರಿಗೆ ಪ್ರತಿ ವರ್ಷ ಕೊಡುತ್ತಿದ್ದ ಗೊಬ್ಬರದ ಹಣ.

“ನೋಡವ್ವಾ, ನೀರಿಲ್ಲ ಅಂದರೆ ಭತ್ತ ಬಂಗಾರವಾಗುತ್ತದೆ. ಗೋದಾಮಿಗೆ ಬೀಗ ಹಾಕು, ಒಂದು ಚೀಲವನ್ನೂ ಬಿಡಬೇಡ” ಎಂದು ಮಾವನವರು ಅಂದರು. ಮೈದುನನು, “ಯಂತ್ರವನ್ನು ಬೇಡವೆಂದುಬಿಡೋಣ ಅತ್ತಿಗೇ, ರೈತರಿಗೂ ಈ ವರ್ಷ ಏನೂ ಇಲ್ಲ ಅನ್ನೋಣ” ಎಂದನು. ಇಬ್ಬರದೂ ಮನೆಯ ಮೇಲಿನ ಕಾಳಜಿಯ ಮಾತೇ. ಆದರೆ ಮೂರು ಬೇರೆ ಬೇರೆ ಪ್ರಶ್ನೆಗಳಿಗೆ ಒಂದೇ ಭಯದಿಂದ ಉತ್ತರ ಹೇಳುವುದು ಉಚಿತವಲ್ಲವೆಂದು ನನಗೆ ತೋರಿತು.

ಬೆಂಜಮಿನ್ ಫ್ರಾಂಕ್ಲಿನ್ನರು ೧೭೭೨ರಲ್ಲಿ ತಮ್ಮ ಮಿತ್ರರಾದ ಜೋಸೆಫ್ ಪ್ರೀಸ್ಟ್ಲೀ ಅವರಿಗೆ ಬರೆದ ಪತ್ರದಲ್ಲಿ, ಕಠಿಣವಾದ ನಿರ್ಧಾರಕ್ಕೆ ಮುನ್ನ ಕಾಗದವನ್ನು ಎರಡು ಪಾಲು ಮಾಡಿ, ಪರವಾದ ಕಾರಣಗಳನ್ನೂ ವಿರೋಧವಾದ ಕಾರಣಗಳನ್ನೂ ಎದುರುಬದುರಾಗಿ ಬರೆದು ತೂಗುವ ಕ್ರಮವನ್ನು ತಿಳಿಸಿದ್ದಾರೆ. ನಾನೂ ಕಾಗದದ ನಡುವೆ ಗೆರೆ ಎಳೆದೆನು. ಆದರೆ ಒಂದು ಕಡೆ ‘ಮುಂದೆ ತಿದ್ದಬಹುದಾದುದು’ ಎಂತಲೂ ಇನ್ನೊಂದು ಕಡೆ ‘ಮುಂದೆ ತಿದ್ದಲಾಗದುದು’ ಎಂತಲೂ ಬರೆದೆನು.

ಬಳ್ಳಾರಿಯ ಅಂಗಡಿಗಳಿಗೆ ಗೊತ್ತಾದ ಬೆಲೆಗೆ ಅಕ್ಕಿ ಕೊಡುವೆವೆಂದು ಮಾತು ಕೊಟ್ಟಿದ್ದೆವು. ಮುರಿದ ಮಾತನ್ನು ಮುಂದೆ ತಿದ್ದಲಾಗದು. ಆದುದರಿಂದ ಅಷ್ಟು ಭತ್ತವನ್ನು ಅರೆದು, ಹೇಳಿದ ಬೆಲೆಗೇ ಕಳುಹಿಸುವುದೆಂದಾಯಿತು. ಉಳಿದುದನ್ನು ಎಂದಿನಂತೆ ತಿಂಗಳಿಗೆ ಇಷ್ಟೆಂದು ಮಾರುವುದು. ಬೆಲೆ ಏರಿದರೆ ಲಾಭದ ಒಂದು ಪಾಲಾದರೂ ನಮಗುಂಟು, ಇಳಿದರೆ ಪೂರ್ಣ ನಷ್ಟವಿಲ್ಲ. ಯಂತ್ರದ ಮುಂಗಡವು ಕಟ್ಟಿದ ಮೇಲೆ ಹಿಂದಿರುಗದು. ಆದರೆ ಕಟ್ಟುವುದಕ್ಕೆ ಒಂದು ತಿಂಗಳ ಅವಧಿ ಕೇಳಬಹುದು. ಮಾರುವವರು ಒಂದು ಸಣ್ಣ ಮೊತ್ತಕ್ಕೆ ಅದನ್ನು ಒಪ್ಪಿದರು. ಆ ತಿಂಗಳಲ್ಲಿ ಜಲಾಶಯದ ಗತಿ ತಿಳಿಯುವುದಾದುದರಿಂದ, ಆ ಹಣವನ್ನು ನಾನು ತಿಳಿವಳಿಕೆಯ ಬೆಲೆಯೆಂದು ಲೆಕ್ಕದಲ್ಲಿ ಬರೆದೆನು.

ಮೂರನೆಯ ಪ್ರಶ್ನೆಗೆ ಉತ್ತರವನ್ನು ಹೇಳಿದವರು ನಾವಲ್ಲ. ಎರಡೆಕರೆಯನ್ನು ಗುತ್ತಿಗೆಗೆ ಮಾಡುತ್ತಿದ್ದ ವಿಧವೆಯೊಬ್ಬರು ಅಷ್ಟರಲ್ಲಿ ಜಗಲಿಗೆ ಬಂದು ಕುಳಿತಿದ್ದರು. ಅವರ ಗದ್ದೆಗೆ ನಾಟಿಯಾಗಿತ್ತು. “ಅಮ್ಮಾ, ನೀರು ಬಂದರೆ ಬಂತು, ಬರದಿದ್ದರೆ ಹೋಯಿತು, ಅದು ನಮ್ಮ ಕೈಯಾಗಿಲ್ಲ. ಆದರೆ ಈ ವಾರ ಗೊಬ್ಬರ ಬೀಳದಿದ್ದರೆ ನೀರು ಬಂದೂ ನಾನು ಕೆಟ್ಟೆ” ಎಂದರು. ಇದಕ್ಕಿಂತ ಸ್ಪಷ್ಟವಾದ ತರ್ಕವನ್ನು ನಾನು ಯಾವ ಗ್ರಂಥದಲ್ಲಿಯೂ ಓದಿಲ್ಲ. ನಾಟಿ ಮುಗಿಸಿದ್ದ ರೈತರಿಗೆ ಮರುದಿನವೇ ಹಣ ಕೊಡುವುದೆಂತಲೂ, ಇನ್ನೂ ನಾಟಿ ಮಾಡದವರಿಗೆ ಕಾಲುವೆ ನೀರಿನ ಪ್ರಕಟಣೆ ಬರುವವರೆಗೆ ತಡೆಯುವುದೆಂತಲೂ ಮಾವನವರೇ ತೀರ್ಪು ಕೊಟ್ಟರು. ಪೈರಿಗೆ ಕಾಯುವ ಶಕ್ತಿಯಿಲ್ಲ, ಸಸಿಮಡಿಗೆ ಕೆಲವು ದಿನವಾದರೂ ಉಂಟು.

ಅತ್ತ ಅಣೆಕಟ್ಟಿನಲ್ಲಿಯೂ ಇಂಥದೇ ತೂಗಾಟವು ನಡೆದಿತ್ತು. ನೀರಿನ ಮಟ್ಟವು ಗೇಟಿನ ತಳಕ್ಕೆ ಇಳಿಯುವವರೆಗೆ ಹರಿಯಬಿಟ್ಟು ಆಮೇಲೆ ದುರಸ್ತಿ ಮಾಡುವುದು ಒಂದು ದಾರಿ. ಅದರಲ್ಲಿ ಅಪಾಯ ಕಡಿಮೆ, ಆದರೆ ಜಲಾಶಯದ ಅರ್ಧಕ್ಕಿಂತ ಹೆಚ್ಚು ನೀರು ಹೋಗುವುದು. ಹರಿಯುವ ನೀರಿನಲ್ಲಿಯೇ ಉಕ್ಕಿನ ತಡೆಹಲಗೆಗಳನ್ನು ಇಳಿಸುವುದು ಇನ್ನೊಂದು ದಾರಿ. ಗೇಟುಗಳ ತಜ್ಞರಾದ ಕನ್ನಯ್ಯ ನಾಯ್ಡು ಅವರ ಮಾರ್ಗದರ್ಶನದಲ್ಲಿ ಎರಡನೆಯದನ್ನು ಹಿಡಿದರು. ಇಡೀ ಗೇಟನ್ನು ಒಮ್ಮೆಗೇ ಇಳಿಸದೆ ಐದು ತುಂಡುಗಳಾಗಿ ಮಾಡಿ, ಆಗಸ್ಟ್ ೧೬ರಂದು ಮೊದಲನೆಯ ತುಂಡನ್ನು ಕೂರಿಸಿ, ಅದು ನಿಂತುದನ್ನು ಕಂಡು ಮೇಲಿನವುಗಳನ್ನು ಇಳಿಸಿದರು. ೧೭ರಂದು ಕೆಲಸ ಮುಗಿಯಿತು. ಅಲ್ಲಿ ಆ ಉಕ್ಕಿನ ಮೊದಲ ತುಂಡೇ ಚುಕ್ಕೆಗೆರೆ.

ಇನ್ನು ಕಡೆಯದು ಸಾಧನೆ. ಸೆಪ್ಟೆಂಬರ್ ತಿಂಗಳಲ್ಲಿ ಮಳೆಯು ಕೃಪೆಮಾಡಿ ಜಲಾಶಯವು ಮತ್ತೆ ತುಂಬಿತು. ಗೊಬ್ಬರದ ಹಣವನ್ನು ಪಡೆದವರು ಸುಗ್ಗಿಯಲ್ಲಿ ಭತ್ತ ತಂದು ಹಾಕಿದರು. ಆ ವಿಧವೆಯವರ ಚೀಲಗಳು ಮೊದಲ ಬಂಡಿಯಲ್ಲಿಯೇ ಬಂದವು. ನಾವು ಯಂತ್ರವನ್ನೂ ಕೊಂಡೆವು. ಆಗ ಮೈದುನನು ನಕ್ಕು, “ಅತ್ತಿಗೇ, ಒಂದು ತಿಂಗಳು ಕಾದುದಕ್ಕೆ ಕೊಟ್ಟ ಹಣ ಸುಮ್ಮನೆ ಹೋಯಿತಲ್ಲ” ಎಂದನು. ಮರುವರ್ಷದ ಸಮಾಚಾರವೇ ಬೇರೆ. ಗೇಟುಗಳ ಭದ್ರತೆಗಾಗಿ ೨೦೨೫ರಲ್ಲಿ ಜಲಾಶಯದ ಸಂಗ್ರಹವನ್ನು ೮೦ ಟಿ.ಎಂ.ಸಿ.ಗೆ ಮಿತಿಗೊಳಿಸಿದರು, ಹಳೆಯ ಗೇಟುಗಳನ್ನೆಲ್ಲ ಬದಲಿಸುವ ಕೆಲಸಕ್ಕಾಗಿ ಎರಡನೆಯ ಬೆಳೆಗೆ ನೀರಿಲ್ಲವೆಂದು ತೀರ್ಮಾನವಾಯಿತು. ಆಗ ಅದೇ ಮೈದುನನು, “ಯಂತ್ರವನ್ನು ಕೊಳ್ಳದೆ ಇದ್ದಿದ್ದರೆ ಒಳ್ಳೆಯದಿತ್ತು” ಎಂದನು.

ನಾನು ಎರಡು ಸಲವೂ ಒಂದೇ ಉತ್ತರವನ್ನು ಕೊಟ್ಟೆನು. ನಮ್ಮಲ್ಲಿ ಒಂದು ದಪ್ಪ ರಟ್ಟಿನ ಪುಸ್ತಕವಿದೆ. ದೊಡ್ಡ ನಿರ್ಧಾರವಾದ ದಿನವೇ ಅದರಲ್ಲಿ ಅಂದು ಗೊತ್ತಿದ್ದುದೇನು, ಗೊತ್ತಿಲ್ಲದುದೇನು, ಆರಿಸಿದುದು ಯಾವುದು, ಏಕೆ, ಮತ್ತೆ ಯಾವ ದಿನ ಅದನ್ನು ವಿಚಾರಿಸಬೇಕು ಎಂಬ ಐದು ಸಾಲುಗಳನ್ನು ಬರೆದಿಡುವೆನು. ಆ ಪುಟವನ್ನು ತೆಗೆದು ಅವನಿಂದಲೇ ಓದಿಸಿದೆನು. ಓದಿ ಮುಗಿಸಿ ಅವನು, “ಅವತ್ತು ಇಷ್ಟೇ ಗೊತ್ತಿತ್ತು, ನಿಜ” ಎಂದನು. ಫಲವನ್ನು ಕಂಡ ಮೇಲೆ ಎಲ್ಲರೂ ಜಾಣರೇ. ಒಂದೇ ನಿರ್ಧಾರವು ಸೆಪ್ಟೆಂಬರಿನಲ್ಲಿ ಅಂಜುಬುರುಕುತನವಾಗಿಯೂ ಮರುವರ್ಷ ದುಡುಕಾಗಿಯೂ ಕಂಡಿತೆಂದರೆ, ಫಲವೆಂಬ ತಕ್ಕಡಿಯಿಂದ ಅದನ್ನು ತೂಗಲಾಗದೆಂದೇ ಅರ್ಥ. ಮಳೆ ನಮ್ಮದಲ್ಲ, ಪೇಟೆ ನಮ್ಮದಲ್ಲ, ಸರಪಳಿಯ ಕೊಂಡಿಯೂ ನಮ್ಮದಲ್ಲ. ಯೋಚನೆಯ ಕ್ರಮವೊಂದು ಮಾತ್ರ ನಮ್ಮದು. ಅಂಕವು ಸಲ್ಲತಕ್ಕದ್ದು ಅದಕ್ಕೆ.

ಕ್ರಮವನ್ನು ಬರೆದಿಡುವುದರಿಂದ ಇನ್ನೊಂದು ಉಪಕಾರವುಂಟು. ನಷ್ಟ ಬಂದಾಗ ಮನೆಯವರು ಒಬ್ಬರನ್ನೊಬ್ಬರು ದೂರುವುದು ತಪ್ಪುತ್ತದೆ. ಹಣ ಹೋದ ಮನೆಯು ಮತ್ತೆ ಎದ್ದೀತು. ನಂಬಿಕೆ ಹೋದ ಮನೆಯು ಏಳುವುದು ಕಷ್ಟ.

ತಂದೆತಾಯಿಗಳಲ್ಲಿ ನನ್ನದೊಂದು ಬಿನ್ನಹ. ಮನೆಯ ಕೊಡುಕೊಳ್ಳುವ ಮಾತು ನಡೆಯುವಾಗ ಹೆಣ್ಣುಮಕ್ಕಳನ್ನು ಒಳಗೆ ಕಳುಹಿಸಬೇಡಿರಿ. ಈ ಬೆಲೆಗೆ ಏಕೆ ಮಾರಿದಿರಿ, ಸಾಲವನ್ನು ಏಕೆ ತೆಗೆದಿರಿ ಎಂದು ಅವರು ಕೇಳಿದರೆ ಸಮಾಧಾನದಿಂದ ಉತ್ತರ ಹೇಳಿರಿ. ಹನ್ನೆರಡು ವರ್ಷದ ಮಗಳಿಗೆ ತಿಳಿಯುವಂತೆ ಹೇಳಲಾಗದ ನಿರ್ಧಾರವನ್ನು ಇನ್ನೊಮ್ಮೆ ಯೋಚಿಸಿ ನೋಡುವುದು ಮೇಲು. ನಾಳೆ ಅವರು ಸೇರುವ ಮನೆಯಲ್ಲಿಯೋ, ನಡೆಸುವ ಅಂಗಡಿಯಲ್ಲಿಯೋ, ಕೂರುವ ಕಚೇರಿಯಲ್ಲಿಯೋ ಯಾವುದಾದರೊಂದು ಗೇಟು ಕೊಚ್ಚಿಹೋದಾಗ, ಪಡಸಾಲೆಯಲ್ಲಿ ಕಾಗದ ಹಿಡಿದು ಕೂರಬೇಕಾದವರು ಅವರೇ ಆಗಿರಬಹುದು.

ಈಗ ಓದುತ್ತಿರುವ ತಂಗಿಯರೇ, ರೇಖಾಗಣಿತದ ಆ ನಾಲ್ಕು ಪದಗಳನ್ನು ಪರೀಕ್ಷೆಯ ಮರುದಿನ ಮರೆಯಬೇಡಿರಿ. ಗೊತ್ತಿರುವುದನ್ನೂ ಊಹಿಸಿದುದನ್ನೂ ಬೇರೆಯಾಗಿ ಬರೆಯಿರಿ. ಬೇಕಾದುದು ಎಷ್ಟೆಂದು ಮೊದಲೇ ಗೊತ್ತುಮಾಡಿರಿ. ಅಳಿಸಬಹುದಾದ ಗೆರೆಯನ್ನು ಮೊದಲು ಎಳೆಯಿರಿ. ಆಮೇಲೆ ಧೈರ್ಯದಿಂದ ನಿರ್ಧರಿಸಿರಿ. ಹೀಗೆ ನಿರ್ಧರಿಸಿದವರಿಗೆ ಗೆಲವು ಬಂದರೆ ಗರ್ವ ಬಾರದು, ಸೋಲು ಬಂದರೆ ಎದೆಯೊಡೆಯದು. ನಿಮ್ಮ ಕೈಗೆ ಬರುವ ಕೆಲಸಗಳೆಲ್ಲವೂ ಊರಿಗೂ ಮನೆಗೂ ಒಳಿತನ್ನು ತರಲೆಂದು ಹಾರೈಸುತ್ತೇನೆ.